ಶೈನಿ ವಿಲ್ಸನ್ ಅಂದ್ರೆ ಸಿಯೋಲ್‌ನ ಆ ಒಂದು ಗೆರೆ ಮಾತ್ರಾನಾ?

ಎರಡುಸುತ್ತು
ಓಟಗಾರ್ತಿ ಶೈನಿ ವಿಲ್ಸನ್ ಹೆಸರು ತೆಗೆದರೆ ಸಾಕು, "ಸಿಯೋಲ್‌ನಲ್ಲಿ ಲೇನ್ ಬಿಟ್ಟು ಚಿನ್ನ ಕಳೆದುಕೊಂಡವರಲ್ವಾ?" ಅಂತ ಕೇಳುತ್ತಾರೆ. ಅಲ್ಲಿಗೆ ಅವರ ಕಥೆ ಮುಗಿದ ಹಾಗೆ. ನನಗಂತೂ ಇದು ಸರಿ ಕಾಣುವುದಿಲ್ಲ.

800 ಮೀಟರ್ ಅನ್ನು ಎರಡು ನಿಮಿಷದ ಒಳಗೆ ಓಡಿದ ಮೊದಲ ಭಾರತೀಯ ಮಹಿಳೆ ಅವರು. 1984ರಿಂದ 1996ರವರೆಗೆ ನಾಲ್ಕು ಒಲಿಂಪಿಕ್ಸ್ ನೋಡಿದವರು. 1992ರಲ್ಲಿ ಬಾರ್ಸಿಲೋನಾದಲ್ಲಿ ಧ್ವಜ ಹಿಡಿದು ಭಾರತ ತಂಡದ ಮುಂದೆ ನಡೆದರು. ಒಲಿಂಪಿಕ್ಸ್‌ನಲ್ಲಿ ನಮ್ಮ ಧ್ವಜ ಒಬ್ಬ ಮಹಿಳೆಯ ಕೈಗೆ ಬಂದಿದ್ದು ಅದೇ ಮೊದಲು. ಹನ್ನೆರಡು ವರ್ಷಕ್ಕೂ ಜಾಸ್ತಿ ಓಡಿದವರನ್ನು ಎರಡು ನಿಮಿಷದ ಒಂದು ಓಟದಿಂದ ಅಳೆಯುವುದು ಯಾವ ನ್ಯಾಯ?

ನನ್ನ ಪ್ರಕಾರ ಅವರ ಓಟದ ಬದುಕಿನ ಎತ್ತರ ಸಿಯೋಲ್ ಏಷ್ಯನ್ ಗೇಮ್ಸ್ ನಡೆದ 1986 ಅಲ್ಲ, ಎರಡು ನಿಮಿಷದ ಒಳಗೆ ಓಡಿದ 1995. ಯಾರಿಗಾದರೂ ಬೇರೆ ಅನಿಸಿದರೆ ಹೇಳಿ.

ಚಹಾವಿರಾಮ
ಮೊದಲು ಸಿಯೋಲ್‌ನಲ್ಲಿ ಏನಾಯಿತು ಅಂತ ಸರಿಯಾಗಿ ಹೇಳಿ ಸರ್. ನಾನು ಹುಟ್ಟಿದ್ದೇ ಅದಾದ ಮೇಲೆ. "ಗೆರೆ ದಾಟಿದರು" ಅಂತ ಎಲ್ಲರೂ ಹೇಳುತ್ತಾರೆ. ಯಾವ ಗೆರೆ, ಯಾಕೆ ದಾಟಬಾರದು ಅಂತ ಒಬ್ಬರೂ ಹೇಳಿಲ್ಲ.

ಮೇಷ್ಟ್ರು_ಅರಸೀಕೆರೆ
ಇದಕ್ಕೆ ನಾನು ಹೇಳುತ್ತೇನೆ. ಇದು ನನ್ನ ದಿನದ ಕೆಲಸ.

800 ಅಂದರೆ 400 ಮೀಟರ್ ಟ್ರ್ಯಾಕ್‌ನಲ್ಲಿ ಎರಡು ಸುತ್ತು. ಎಲ್ಲರೂ ಒಂದೇ ಗೆರೆಯಿಂದ ಒಟ್ಟಿಗೆ ನುಗ್ಗಿದರೆ ಮೊದಲ ತಿರುವಿನಲ್ಲೇ ಒಬ್ಬರ ಕಾಲಿಗೆ ಇನ್ನೊಬ್ಬರು ಸಿಕ್ಕಿ ಬೀಳುತ್ತಾರೆ. ಅದಕ್ಕೆ ಮೊದಲ ತಿರುವನ್ನು ಅವರವರ ಲೇನಿನಲ್ಲೇ ಓಡಬೇಕು. ಹೊರಗಿನ ಲೇನಿನವರಿಗೆ ತಿರುವು ಉದ್ದ ಬೀಳುತ್ತದೆ. ಹಾಗಾಗಿ ಅವರನ್ನು ಮುಂದೆ ನಿಲ್ಲಿಸುತ್ತಾರೆ. ಒಂದನೇ ಲೇನಿನವರಿಗಿಂತ ಎರಡನೇ ಲೇನಿನವರು ಸುಮಾರು ಮೂರೂವರೆ ಮೀಟರ್ ಮುಂದೆ, ಎಂಟನೇ ಲೇನಿನವರು ಸುಮಾರು 26 ಮೀಟರ್ ಮುಂದೆ.

ತಿರುವು ಮುಗಿದು ಎದುರುಗಡೆಯ ನೇರ ಶುರುವಾಗುವಲ್ಲಿ ಟ್ರ್ಯಾಕ್‌ಗೆ ಅಡ್ಡಲಾಗಿ ಒಂದು ಬಾಗಿದ ಗೆರೆ ಇರುತ್ತದೆ. ಅದೇ ಬ್ರೇಕ್ ಲೈನ್. ಸಿಂಥೆಟಿಕ್ ಟ್ರ್ಯಾಕ್‌ನಲ್ಲಿ ಹಸಿರು ಬಣ್ಣದಲ್ಲಿ ಹಾಕಿರುತ್ತಾರೆ. ಲೇನ್ ಗೆರೆ ಅದನ್ನು ಸೇರುವ ಜಾಗದಲ್ಲಿ ಪುಟ್ಟ ಕೋನ್ ಇಡುತ್ತಾರೆ. ಆ ಗೆರೆ ದಾಟಿದ ಮೇಲೆ ಯಾರು ಬೇಕಾದರೂ ಒಳಗೆ ಬರಬಹುದು. ದಾಟುವ ಮೊದಲೇ ಬಂದರೆ ಔಟ್. ಎಷ್ಟು ಮುಂದಿದ್ದರೂ ಅಷ್ಟೇ, ಯಾರಿಗೂ ಅಡ್ಡ ಬರದಿದ್ದರೂ ಅಷ್ಟೇ.

1986ರ ಏಷ್ಯನ್ ಗೇಮ್ಸ್‌ನಲ್ಲಿ ಶೈನಿ ಬೇಗ ಒಳಗೆ ಬಂದರು. ಎಲ್ಲರಿಗಿಂತ ಮುಂದೆ ಓಡಿ ಮುಗಿಸಿದರು. ಆಮೇಲೆ ಡಿಸ್‌ಕ್ವಾಲಿಫೈ ಆದರು.

ಅಂಕಿಪ್ರಿಯ
ಅದಕ್ಕೆ ಇದನ್ನೂ ಸೇರಿಸಿ. ಆ ಸಿಯೋಲ್ ಕೂಟದಲ್ಲಿ ಇಡೀ ಭಾರತಕ್ಕೆ ಬಂದಿದ್ದು ಐದೇ ಚಿನ್ನ. ನಾಲ್ಕರಲ್ಲಿ ಪಿ.ಟಿ. ಉಷಾ ಇದ್ದರು, ಒಂದು ಕುಸ್ತಿಯಲ್ಲಿ ಕರ್ತಾರ್ ಸಿಂಗ್ ಅವರದ್ದು. ಶೈನಿಯವರ 800 ಬಂದಿದ್ದರೆ ಆರಾಗುತ್ತಿತ್ತು. ಅದಕ್ಕೇ ಜನ ಅಷ್ಟು ಹೊಟ್ಟೆ ಉರಿಸಿಕೊಂಡಿದ್ದು.

ಆದರೆ ಅದೇ ಕೂಟದಲ್ಲಿ ಶೈನಿ 400 ಮೀಟರ್‌ನಲ್ಲಿ ಉಷಾ ಹಿಂದೆ ಬೆಳ್ಳಿ ಗೆದ್ದರು. 4×400 ರಿಲೇಯಲ್ಲಿ ಚಿನ್ನ ಗೆದ್ದರು. ಇದನ್ನು ಯಾರೂ ಹೇಳುವುದಿಲ್ಲ ನೋಡಿ.

ಕರಾವಳಿ_ಕಾಲು
ಆ ರಿಲೇ ತಂಡದಲ್ಲಿ ನಮ್ಮ ಕರ್ನಾಟಕದ ವಂದನಾ ರಾವ್ ಕೂಡ ಇದ್ದರು. ವಲ್ಸಮ್ಮ, ವಂದನಾ, ಶೈನಿ, ಉಷಾ. ಇದೇ ನಾಲ್ವರು 1984ರಲ್ಲಿ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನ ರಿಲೇ ಫೈನಲ್ ಓಡಿ ಏಳನೆಯವರಾಗಿದ್ದರು. ಒಲಿಂಪಿಕ್ ಫೈನಲ್‌ನಲ್ಲಿ ಓಡಿದ ಕನ್ನಡತಿ ಅಂದರೆ ಎಷ್ಟು ಜನಕ್ಕೆ ಗೊತ್ತು? ಅಶ್ವಿನಿ ನಾಚಪ್ಪ ಹೆಸರು ಎಲ್ಲರ ಬಾಯಲ್ಲಿದೆ. ವಂದನಾ ಹೆಸರು ಕ್ವಿಜ್‌ನಲ್ಲಿ ಕೇಳಿದರೂ ಯಾರೂ ಹೇಳುವುದಿಲ್ಲ.

ಚಹಾವಿರಾಮ
ಮೇಷ್ಟ್ರೇ, ಗೆರೆ ಅರ್ಥವಾಯಿತು. ಥ್ಯಾಂಕ್ಸ್. ಆದರೆ ಒಂದು ಖಾರದ ಪ್ರಶ್ನೆ. ಶೈನಿಯವರ ಅತ್ಯುತ್ತಮ ಸಮಯ 1:59.85. ವಿಶ್ವ ದಾಖಲೆ 1:53.28. ಆರೂವರೆ ಸೆಕೆಂಡ್ ಅಂದರೆ ಟ್ರ್ಯಾಕ್ ಮೇಲೆ ನಲವತ್ತು ಮೀಟರ್‌ಗೂ ಜಾಸ್ತಿ. ನಮ್ಮವರು ಅಂತ ಸುಮ್ನೆ ದೊಡ್ಡದು ಮಾಡುತ್ತಿದ್ದೇವಾ?

ಲಾಸ್ ಏಂಜಲೀಸ್‌ನಲ್ಲಿ ಸೆಮಿಫೈನಲ್ ಹೋದರು ಅಂತಾರೆ. ಆ ಸಲ ಸೋವಿಯತ್ ಒಕ್ಕೂಟ, ಪೂರ್ವ ಜರ್ಮನಿ, ಜೆಕೊಸ್ಲೊವಾಕಿಯಾ ಯಾವುದೂ ಬಂದಿರಲಿಲ್ಲ. 800ರಲ್ಲಿ ಬಲ ಇದ್ದಿದ್ದೇ ಅವರ ಹತ್ತಿರ.

ಎರಡುಸುತ್ತು
ಬಹಿಷ್ಕಾರದ ಮಾತು ನಿಜ. ಅದನ್ನು ಮುಚ್ಚಿಡುವುದು ಬೇಡ. ಹಾಗಾಗಿಯೇ ನಾನು 1984 ಅನ್ನು ಎತ್ತರ ಅನ್ನಲಿಲ್ಲ. ಆದರೂ ಆಗ ಅವರಿಗೆ 19 ವರ್ಷ. ಒಲಿಂಪಿಕ್ಸ್‌ನ 800ರಲ್ಲಿ ಸೆಮಿಫೈನಲ್ ತಲುಪಿದ ಭಾರತೀಯ ಮಹಿಳೆ ಅದಕ್ಕೆ ಮೊದಲು ಯಾರೂ ಇರಲಿಲ್ಲ.

1:53.28 ಮಾತ್ರ ಅಳತೆಗೋಲು ಅಲ್ಲ. ಅದು 1983ರಲ್ಲಿ ಜೆಕೊಸ್ಲೊವಾಕಿಯಾದ ಕ್ರಾಟೊಖ್ವಿಲೋವಾ ಮ್ಯೂನಿಕ್‌ನಲ್ಲಿ ಮಾಡಿದ್ದು. ನಲವತ್ತು ವರ್ಷ ದಾಟಿದರೂ ಹಾಗೇ ನಿಂತಿದೆ. 2024ರಲ್ಲಿ ಪ್ಯಾರಿಸ್ ಚಿನ್ನ ಗೆದ್ದ ಕೀಲಿ ಹಾಜ್‌ಕಿನ್ಸನ್ ಓಡಿದ್ದು 1:56.72. ಆ ಲೆಕ್ಕದಲ್ಲಿ ಒಲಿಂಪಿಕ್ ಚಾಂಪಿಯನ್ನರೂ ದಂಡ ಅನ್ನಬೇಕಾಗುತ್ತದೆ.

ಬೇರೆ ಅಳತೆ ಹಿಡಿಯಿರಿ. ಶೈನಿ 1:59.85 ಓಡಿದ್ದು 1995ರ ಕೊನೆಯಲ್ಲಿ, ಮದ್ರಾಸಿನ ಸ್ಯಾಫ್ ಗೇಮ್ಸ್‌ನಲ್ಲಿ. ಮರುವರ್ಷ ಅಟ್ಲಾಂಟಾ ಒಲಿಂಪಿಕ್ಸ್‌ನಲ್ಲಿ ಮಾಸ್ಟರ್‌ಕೋವಾ ಚಿನ್ನ ಗೆದ್ದಿದ್ದು 1:57.73ರಲ್ಲಿ. ವ್ಯತ್ಯಾಸ ಎರಡು ಸೆಕೆಂಡ್ ಚಿಲ್ಲರೆ. ದಕ್ಷಿಣ ಏಷ್ಯಾದ ಕೂಟದಲ್ಲಿ, ಪಕ್ಕದಲ್ಲಿ ಆ ಮಟ್ಟದವರು ಯಾರೂ ಇಲ್ಲದೆ ಬಂದ ಸಮಯ ಅದು. ಆಗ ಅವರಿಗೆ 30 ವರ್ಷ. ಮನೆಯಲ್ಲಿ ಮಗು ಇತ್ತು. ಆಹಾರ ನಿಗಮದಲ್ಲಿ ಕೆಲಸ ಬೇರೆ.

ಲಾಲ್‌ಬಾಗ್_ಭಾನುವಾರ
ಎರಡು ನಿಮಿಷ ಅಂದರೆ ಏನು ಅಂತ ಗೊತ್ತಾಗಬೇಕಾದರೆ ಒಂದು ಕೆಲಸ ಮಾಡಿ. 100 ಮೀಟರ್ ಅಳೆದು 15 ಸೆಕೆಂಡ್‌ನಲ್ಲಿ ಓಡಿ. ನಮ್ಮ ಗುಂಪಿನಲ್ಲಿ ವರ್ಷಕ್ಕೆ ಎರಡು ಹಾಫ್ ಮ್ಯಾರಥಾನ್ ಮುಗಿಸುವ ಗಂಡಸರಿದ್ದಾರೆ. ಒಂದು ಸಲ ಹೇಗೋ ಓಡುತ್ತಾರೆ. ಎರಡನೇ ಸಲಕ್ಕೆ ಮೊಣಕಾಲು ಹಿಡಿದು ಬಗ್ಗುತ್ತಾರೆ. ಶೈನಿ ಮಾಡಿದ್ದು ಅದನ್ನು ಒಂದರ ಹಿಂದೆ ಒಂದು ಎಂಟು ಸಲ. ಅದಕ್ಕಿಂತ ಸ್ವಲ್ಪ ಬೇಗವಾಗಿಯೇ.

ಇದರಲ್ಲಿ ಇನ್ನೊಂದು ಸಂಕಟ. ಮೊದಲ ಸುತ್ತು 60 ಸೆಕೆಂಡ್, ಎರಡನೆಯದು 60 ಸೆಕೆಂಡ್ ಅಂತ ಯಾರೂ ಸಮ ಹಂಚಿಕೊಂಡು ಓಡುವುದಿಲ್ಲ. ಒಳ್ಳೆ ಸಮಯ ಬಂದ ಓಟಗಳಲ್ಲಿ ಮೊದಲ ಸುತ್ತು ಎರಡನೆಯದಕ್ಕಿಂತ ಒಂದೆರಡು ಸೆಕೆಂಡ್ ಬೇಗ ಇರುತ್ತದೆ. ಕೊನೆಯ 150 ಮೀಟರ್‌ನಲ್ಲಿ ಯಾರ ವೇಗವೂ ಏರುವುದಿಲ್ಲ. ಯಾರು ಕಡಿಮೆ ಕುಸಿಯುತ್ತಾರೋ ಅವರು ಗೆಲ್ಲುತ್ತಾರೆ. ಟೀವಿಯಲ್ಲಿ ನೋಡಿದವರಿಗೆ ಗೆದ್ದವರು ಜೋರಾಗಿ ಓಡಿದ ಹಾಗೆ ಕಾಣುತ್ತದೆ, ಅಷ್ಟೇ.

ಕಾಸರಗೋಡಿನವ
ನಮ್ಮ ಕಡೆ ಈ ಹೆಸರುಗಳು ಮನೆಮಾತು. ಶೈನಿ ಇಡುಕ್ಕಿ ಜಿಲ್ಲೆಯ ತೊಡುಪುಳದವರು. ಮದುವೆಗೆ ಮೊದಲು ಶೈನಿ ಅಬ್ರಹಾಂ. ಗಂಡ ವಿಲ್ಸನ್ ಚೆರಿಯನ್ ಈಜುಪಟು.

ನೀವೆಲ್ಲ ಅವರ ಕಾಲಿನ ಬಗ್ಗೆ ಮಾತಾಡುತ್ತಿದ್ದೀರಿ. ನಾನು ವ್ಯವಸ್ಥೆ ಬಗ್ಗೆ ಹೇಳುತ್ತೇನೆ. 1970ರ ದಶಕದ ನಡುವೆ ಕೇರಳದಲ್ಲಿ ಹುಡುಗಿಯರಿಗೆ ಅಂತಲೇ ಸ್ಪೋರ್ಟ್ಸ್ ಡಿವಿಷನ್ ಶುರು ಮಾಡಿದರು. ಓಡುವ ಮಕ್ಕಳನ್ನು ಹುಡುಕಿ ತಂದು ಶಾಲೆ, ಹಾಸ್ಟೆಲ್, ಊಟ, ಕೋಚ್ ಎಲ್ಲ ಒಂದೇ ಕಡೆ ಕೊಟ್ಟರು. ಉಷಾ ಕಣ್ಣೂರಿನಲ್ಲಿ ಬೆಳೆದರು, ಶೈನಿ ಕೋಟ್ಟಯಂನಲ್ಲಿ. ಶೈನಿ ಆಮೇಲೆ ಪಾಲಾ ಊರಿನ ಅಲ್ಫೋನ್ಸಾ ಕಾಲೇಜು ಸೇರಿದರು. ಹಳ್ಳಿಯ ಅಪ್ಪ ಅಮ್ಮ ಹನ್ನೆರಡು ಹದಿಮೂರು ವರ್ಷದ ಮಗಳನ್ನು ಧೈರ್ಯವಾಗಿ ಹಾಸ್ಟೆಲ್‌ಗೆ ಕಳಿಸಿದರಲ್ಲ, ಅದು ದೊಡ್ಡ ವಿಷಯ.

ಗಂಗಾವತಿ_ಎಕ್ಸ್‌ಪ್ರೆಸ್
ಹಂಗಾದ್ರ ನಮ್ಮಲ್ಲಿ ಯಾಕ ಬರಲಿಲ್ರೀ? ನಮ್ಮಲ್ಲೂ ಕ್ರೀಡಾ ಹಾಸ್ಟೆಲ್ ಅದಾವಲ್ಲ.

ಕಾಸರಗೋಡಿನವ
ಇವೆ ಅಣ್ಣ. ಆದರೆ ಅಲ್ಲಿ ಒಬ್ಬರ ಹಿಂದೆ ಒಬ್ಬರು ಇದ್ದರು. ಹಾಸ್ಟೆಲ್‌ಗೆ ಹೊಸದಾಗಿ ಸೇರಿದ ಹುಡುಗಿ ಬೆಳಗ್ಗೆ ಎದ್ದರೆ ಪಕ್ಕದ ಮಂಚದಲ್ಲಿ ರಾಷ್ಟ್ರ ಮಟ್ಟದಲ್ಲಿ ಓಡಿದ ಅಕ್ಕ ಇರುತ್ತಿದ್ದಳು. ಹಾಸಿಗೆ, ಊಟ ಸರ್ಕಾರ ಕೊಡಬಹುದು. ಆ ಅಕ್ಕನನ್ನು ಕೊಡುವುದಕ್ಕೆ ಹತ್ತಿಪ್ಪತ್ತು ವರ್ಷ ಬೇಕು.

ಅಂಕಿಪ್ರಿಯ
800 ಮತ್ತು 1500ರಲ್ಲಿ ನಮ್ಮ ಹೆಣ್ಣುಮಕ್ಕಳ ಸಾಲು ನೋಡಿದರೆ ಆಶ್ಚರ್ಯ ಆಗುತ್ತದೆ. 1978 ಬ್ಯಾಂಕಾಕ್ ಏಷ್ಯನ್ ಗೇಮ್ಸ್, ಗೀತಾ ಜುತ್ಶಿ, 800 ಚಿನ್ನ. 1985 ಜಕಾರ್ತಾ ಏಷ್ಯನ್ ಚಾಂಪಿಯನ್‌ಶಿಪ್, ಶೈನಿ, 800 ಚಿನ್ನ. ಮತ್ತೆ ಏಷ್ಯನ್ ಗೇಮ್ಸ್, 1998 ಬ್ಯಾಂಕಾಕ್, ಜ್ಯೋತಿರ್ಮಯಿ ಸಿಕ್ದರ್, 800 ಮತ್ತು 1500 ಎರಡೂ ಚಿನ್ನ. 2002 ಬುಸಾನ್, ಬೀನಾಮೋಳ್ 800 ಚಿನ್ನ, ಸುನೀತಾ ರಾಣಿ 1500 ಚಿನ್ನ. ಬುಸಾನ್‌ನ ಅದೇ 800ರಲ್ಲಿ ಬೆಳ್ಳಿ ಮಾಧುರಿ ಸಿಂಗ್ ಅವರದ್ದು. ಅವರ ಮಗಳು ಹರ್ಮಿಲನ್ ಬೈನ್ಸ್ ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ 800, 1500 ಎರಡರಲ್ಲೂ ಬೆಳ್ಳಿ ಗೆದ್ದಳು. ಅಮ್ಮನದೂ ಬೆಳ್ಳಿ, ಮಗಳದೂ ಬೆಳ್ಳಿ!

100 ಮೀಟರ್‌ಗೆ ಹೋಲಿಸಿದರೆ ಏಷ್ಯಾದಲ್ಲಿ ನಮ್ಮ ಕೈ ಹಿಡಿದಿದ್ದು ಈ ಮಧ್ಯಮ ದೂರವೇ. ಪೇಪರ್‌ನಲ್ಲಿ ಜಾಗ ಸಿಗುವುದು ಮಾತ್ರ 100ಕ್ಕೆ.

ನಡುರಾತ್ರಿ_ಓದುಗ
ಆ ಸಾಲಿನಲ್ಲಿ ಶಾಂತಿ ಸೌಂದರರಾಜನ್ ಬಿಟ್ಟು ಹೋಯಿತು. 2006 ದೋಹಾ, 800 ಬೆಳ್ಳಿ. ಲಿಂಗ ಪರೀಕ್ಷೆ ಹೆಸರಿನಲ್ಲಿ ಪದಕ ಕಿತ್ತುಕೊಂಡರು. ಆ ಹೆಣ್ಣುಮಗಳು ಊರಿಗೆ ವಾಪಸ್ ಬಂದು ಇಟ್ಟಿಗೆ ಗೂಡಿನಲ್ಲಿ ಕೂಲಿ ಮಾಡಿದ್ದೂ ಉಂಟು. ಸುನೀತಾ ರಾಣಿ ಪದಕವನ್ನೂ ಉದ್ದೀಪನ ಮದ್ದಿನ ಆರೋಪದಲ್ಲಿ ಕಿತ್ತುಕೊಂಡಿದ್ದರು, ಆಮೇಲೆ ವಾಪಸ್ ಕೊಟ್ಟರು. ಶಾಂತಿಗೆ ಆ ಭಾಗ್ಯ ಬರಲಿಲ್ಲ.

ಎರಡುಸುತ್ತು
ನಿಜ. ಶಾಂತಿ ಅವರ ವಿಷಯಕ್ಕೆ ಬೇರೆ ಚರ್ಚೆಯೇ ಬೇಕು. ಇಲ್ಲಿ ಎರಡು ಸಾಲಿನಲ್ಲಿ ಮುಗಿಸಿದರೆ ಅವರಿಗೆ ಇನ್ನೊಂದು ಅನ್ಯಾಯ. ನೀವೇ ಶುರು ಮಾಡಿ, ನಾನು ಬರುತ್ತೇನೆ.

ಚಹಾವಿರಾಮ
ಸರಿ, 1:59.85 ದೊಡ್ಡದು, ಒಪ್ಪಿದೆ. ಅದನ್ನು ಯಾರು ಮುರಿದರು?

ಅಂಕಿಪ್ರಿಯ
ಟಿಂಟು ಲೂಕಾ. 2010ರ ಸೆಪ್ಟೆಂಬರ್, ಕ್ರೊಯೇಷಿಯಾದ ಸ್ಪ್ಲಿಟ್, 1:59.17. ಅಂದರೆ ಶೈನಿ ದಾಖಲೆ ಹೆಚ್ಚುಕಮ್ಮಿ 15 ವರ್ಷ ನಿಂತಿತು. ಟಿಂಟುಗೆ ಕೋಚ್ ಯಾರು ಗೊತ್ತಲ್ವಾ? ಉಷಾ. ಶೈನಿ ಜೊತೆ ರಿಲೇ ಓಡಿದವರ ಶಿಷ್ಯೆಯೇ ಶೈನಿ ದಾಖಲೆ ಮುರಿದಳು.

ಕರಾವಳಿ_ಕಾಲು
ಟಿಂಟು ಓಟ ನೋಡುವುದೇ ಒಂದು ಪರೀಕ್ಷೆ ಮಾರಾಯ್ರೆ. ಮೊದಲ ಸುತ್ತು ಬೆಂಕಿ. ಎಲ್ಲರನ್ನೂ ಹಿಂದೆ ಬಿಟ್ಟು ಒಬ್ಬಳೇ ಹೋಗುತ್ತಿದ್ದಳು. ನಾವು ಟೀವಿ ಮುಂದೆ ಎದ್ದು ನಿಲ್ಲುತ್ತಿದ್ದೆವು. ಕೊನೆಯ ನೇರಕ್ಕೆ ಬರುವಾಗ ಭುಜ ಮೇಲೆ ಏರುತ್ತಿತ್ತು, ಕತ್ತು ಹಿಂದಕ್ಕೆ ವಾಲುತ್ತಿತ್ತು, ಹೆಜ್ಜೆ ಗಿಡ್ಡ ಆಗುತ್ತಿತ್ತು. ಅಷ್ಟರಲ್ಲಿ ಹಿಂದಿನವರು ಬರುತ್ತಿದ್ದರು. 2010ರ ಗುವಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಹಾಗೇ ಆಗಿ ಕಂಚಿಗೆ ಇಳಿದಳು. ಯಾರಾದರೂ ಅವಳಿಗೆ ತಾಳ್ಮೆ ಕಲಿಸಬಾರದಿತ್ತಾ ಅಂತ ಈಗಲೂ ಅನಿಸುತ್ತದೆ.

ಲಾಲ್‌ಬಾಗ್_ಭಾನುವಾರ
ನನಗೆ ಹಾಗನಿಸುವುದಿಲ್ಲ. ಹಿಂದೆ ಕುಳಿತು ಕೊನೆಯಲ್ಲಿ ನುಗ್ಗಬೇಕಾದರೆ ಕೊನೆಯಲ್ಲಿ ನುಗ್ಗುವ ವೇಗ ಇರಬೇಕು. ಆ ವೇಗ ಇಲ್ಲದವರು ಮುಂದೆ ಹೋಗಿ ಉಳಿದವರ ಕಾಲನ್ನೂ ಸುಸ್ತು ಮಾಡಬೇಕು. ಬೇರೆ ದಾರಿ ಇಲ್ಲ. 2012ರಲ್ಲಿ ಲಂಡನ್ ಒಲಿಂಪಿಕ್ಸ್ ಸೆಮಿಫೈನಲ್‌ನಲ್ಲಿ 1:59.69 ಓಡಿದಳು. 2014ರಲ್ಲಿ ಇಂಚಿಯಾನ್ ಏಷ್ಯನ್ ಗೇಮ್ಸ್‌ನಲ್ಲಿ 1:59.19, ಬೆಳ್ಳಿ. ಚಿನ್ನ 1:59.02ಕ್ಕೆ ಹೋಯಿತು. ಮುಂದಿನ ವರ್ಷ ವುಹಾನ್‌ನಲ್ಲಿ ಏಷ್ಯನ್ ಚಾಂಪಿಯನ್. ಇದು ತಾಳ್ಮೆ ಇಲ್ಲದವಳ ಲೆಕ್ಕನಾ?

ಕರಾವಳಿ_ಕಾಲು
ಇಂಚಿಯಾನ್‌ನಲ್ಲಿ ಅವಳು ಚೆನ್ನಾಗಿ ಓಡಿದಳು, ಇಲ್ಲ ಅನ್ನಲ್ಲ. ಗುವಾಂಗ್‌ಝೌ ಮಾತ್ರ ನನ್ನಿಂದ ಮರೆಯಲು ಆಗುವುದಿಲ್ಲ. ಇರಲಿ. ಇಂಚಿಯಾನ್ ರಿಲೇಯಲ್ಲಿ ಟಿಂಟು ಜೊತೆ ನಮ್ಮ ಮಂಗಳೂರಿನ ಪೂವಮ್ಮ ಇದ್ದರು, ಚಿನ್ನ ಬಂತು. 1986ರಲ್ಲಿ ಶೈನಿ, ವಂದನಾ. 2014ರಲ್ಲಿ ಟಿಂಟು, ಪೂವಮ್ಮ. ಕೇರಳದ 800 ಓಟಗಾರ್ತಿ ಜೊತೆ ಒಬ್ಬ ಕನ್ನಡತಿ ಇದ್ದರೆ ಬ್ಯಾಟನ್ ಚೆನ್ನಾಗಿ ಓಡುತ್ತದೆ ಅಂತ ಕಾಣುತ್ತದೆ 😄

ತುಮಕೂರಮ್ಮ
ಎಲ್ಲರಿಗೂ ನಮಸ್ಕಾರ. ಸುಮ್ನೆ ಓದಿಕೊಂಡು ಹೋಗೋಣ ಅಂತಿದ್ದೆ. ಆದರೆ ಮೇಷ್ಟ್ರು ಗೆರೆ ಬಗ್ಗೆ ಬರೆದಿದ್ದು ನೋಡಿ ಕೇಳಬೇಕು ಅನಿಸಿತು. ನನ್ನ ಮಗಳು ಒಂಬತ್ತನೇ ಕ್ಲಾಸ್. ತಾಲ್ಲೂಕಿನಲ್ಲಿ 800 ಗೆದ್ದಳು. ಜಿಲ್ಲಾ ಮಟ್ಟದಲ್ಲಿ ಎರಡನೆಯವಳಾಗಿ ಬಂದಳು, ಆಮೇಲೆ "ಲೇನ್ ಬೇಗ ಬಿಟ್ಟಿದ್ದಾಳೆ" ಅಂತ ಹೆಸರು ತೆಗೆದರು. ಎರಡು ದಿನ ಊಟ ಮಾಡಲಿಲ್ಲ. ಅವಳಿಗೆ ಅಂಥ ಗೆರೆ ಇದೆ ಅಂತಲೇ ಗೊತ್ತಿರಲಿಲ್ಲ. ಇದು ಅವಳ ತಪ್ಪಾ?

ಮೇಷ್ಟ್ರು_ಅರಸೀಕೆರೆ
ಅಮ್ಮಾ, ಅವಳ ತಪ್ಪಲ್ಲ. ಇದು ಪ್ರತಿ ವರ್ಷ ನಡೆಯುವ ಕಥೆ.

ನಮ್ಮ ಶಾಲೆಗಳ ಮೈದಾನದಲ್ಲಿ 400 ಮೀಟರ್ ಟ್ರ್ಯಾಕ್‌ಗೆ ಜಾಗ ಎಲ್ಲಿದೆ? ಕೂಟದ ಹಿಂದಿನ ದಿನ ಹಗ್ಗ ಹಿಡಿದು, ಗೂಟ ಹೊಡೆದು, ಸುಣ್ಣದ ಪುಡಿ ಹಾಕಿ 200 ಮೀಟರ್ ಟ್ರ್ಯಾಕ್ ಮಾಡುತ್ತೇವೆ. ಅದರಲ್ಲಿ 800 ಅಂದರೆ ನಾಲ್ಕು ಸುತ್ತು. ಎಲ್ಲರನ್ನೂ ಒಂದೇ ಬಾಗಿದ ಗೆರೆ ಹಿಂದೆ ನಿಲ್ಲಿಸಿ ವಿಸಿಲ್ ಊದುತ್ತೇವೆ. ವಿಸಿಲ್ ಕೇಳಿದ ಕೂಡಲೇ ಒಳಗೆ ನುಗ್ಗಿದವಳೇ ಜಾಣೆ. ವಲಯ, ತಾಲ್ಲೂಕು ಎರಡೂ ಕಡೆ ಮಕ್ಕಳು ಕಲಿಯುವುದು ಇದನ್ನೇ. ಆಮೇಲೆ ಒಂದು ದಿನ ಜಿಲ್ಲಾ ಕ್ರೀಡಾಂಗಣಕ್ಕೆ ಕರೆದುಕೊಂಡು ಹೋಗಿ ಎಂಟು ಲೇನಿನಲ್ಲಿ ನಿಲ್ಲಿಸಿದರೆ ಆ ಮಗು ಏನು ಮಾಡಬೇಕು? ಗಾಬರಿಯಲ್ಲಿ ಕಾಲು ಕಲಿತದ್ದನ್ನೇ ಮಾಡುತ್ತದೆ.

ಮಗಳಿಗೆ ಇಷ್ಟು ಹೇಳಿ. ಮೊದಲ ತಿರುವಿನಲ್ಲಿ ಪಕ್ಕದವರನ್ನು ನೋಡಬಾರದು, ತನ್ನ ಲೇನಿನ ಒಳಗೆರೆ ನೋಡಬೇಕು. ಓಟ ಶುರುವಾಗುವ ಮೊದಲೇ ನಡೆದುಕೊಂಡು ಹೋಗಿ ಬ್ರೇಕ್ ಲೈನ್ ಎಲ್ಲಿದೆ ಅಂತ ನೋಡಿ ಬರಬೇಕು. ಅದು ಕಾಣದಿದ್ದರೆ ಅಂಪೈರ್ ಅನ್ನು ಕೇಳಬೇಕು. ಕೇಳಿದರೆ ಯಾರೂ ಬೈಯುವುದಿಲ್ಲ.

ಇನ್ನೊಂದು ಮುಖ್ಯ ವಿಷಯ. ಗೆರೆ ದಾಟಿದ ಕೂಡಲೇ ಒಳಗೆ ಹಾರುವ ಅಗತ್ಯವೂ ಇಲ್ಲ. ಎಂಟನೇ ಲೇನಿನಿಂದ ಒಂದನೇ ಲೇನಿಗೆ ಅಡ್ಡ ದೂರ ಎಂಟೂವರೆ ಮೀಟರ್. ನೇರ ಭಾಗದ ಉದ್ದ 84 ಮೀಟರ್ ಚಿಲ್ಲರೆ. ಆ ಪೂರ್ತಿ ಉದ್ದ ಬಳಸಿಕೊಂಡು ಓರೆಯಾಗಿ ನಿಧಾನ ಇಳಿದರೆ ಜಾಸ್ತಿ ಓಡುವುದು ಅರ್ಧ ಮೀಟರ್‌ಗಿಂತ ಕಡಿಮೆ. 20 ಮೀಟರ್‌ನಲ್ಲೇ ಒಳಗೆ ನುಗ್ಗಿದರೆ ಒಂದೂಮುಕ್ಕಾಲು ಮೀಟರ್ ಹತ್ತಿರ ದಂಡ. ಅವಸರ ಮಾಡಿದವರಿಗೇ ನಷ್ಟ. ಮುಂದಿನ ತಿರುವು ಶುರುವಾಗುವ ಜಾಗಕ್ಕೆ ಕಣ್ಣಿಟ್ಟು ಓಡಿದರೆ ಸಾಕು.

ಎರಡುಸುತ್ತು
ಮೇಷ್ಟ್ರೇ, ಈ ಲೆಕ್ಕ ನಾನು ಯಾವತ್ತೂ ಹಾಕಿರಲಿಲ್ಲ. ತುಮಕೂರಮ್ಮ ಅವರೇ, ಮಗಳಿಗೆ ಶೈನಿ ಕಥೆ ಹೇಳಿ. 21 ವರ್ಷಕ್ಕೆ, ಏಷ್ಯನ್ ಚಾಂಪಿಯನ್ ಆದ ಮೇಲೆ, ಏಷ್ಯನ್ ಗೇಮ್ಸ್‌ನಲ್ಲಿ ಆ ತಪ್ಪು ಆಯಿತು. ಜೀವನದ ಅತ್ಯುತ್ತಮ ಸಮಯ ಬಂದಿದ್ದು ಅದಾಗಿ ಒಂಬತ್ತು ವರ್ಷಕ್ಕೆ. 1998ರಲ್ಲಿ ಪದ್ಮಶ್ರೀ ಕೂಡ ಬಂತು.

ತುಮಕೂರಮ್ಮ
ಖಂಡಿತ ಹೇಳುತ್ತೇನೆ. ಇನ್ನೊಂದು ಪ್ರಶ್ನೆ. ಅವಳ ಪಿ.ಟಿ. ಮೇಡಂ "ಇನ್ನು 400 ಬಿಡು, 800 ಒಂದೇ ಇಟ್ಟುಕೋ" ಅಂತಿದ್ದಾರೆ. ದಿನಾ ಬೆಳಗ್ಗೆ ಐದು ಕಿಲೋಮೀಟರ್ ಓಡಲು ಹೇಳಿದ್ದಾರೆ. ಮಾಡಿಸಬಹುದಾ?

ಲಾಲ್‌ಬಾಗ್_ಭಾನುವಾರ
ಮೇಡಂ ಹೇಳಿದ್ದು ಸರಿ ಇದೆ. 800ಕ್ಕೆ ಉಸಿರಿನ ತಳಪಾಯ ಬೇಕು. ನಿಧಾನವಾಗಿ, ಮಾತಾಡಿಕೊಂಡು ಓಡುವಷ್ಟು ವೇಗದಲ್ಲಿ ಓಡಿದರೆ ಏನೂ ಆಗುವುದಿಲ್ಲ.

ಮೇಷ್ಟ್ರು_ಅರಸೀಕೆರೆ
ನಾನು ಒಪ್ಪುವುದಿಲ್ಲ. ಬೆಳೆಯುವ ಹುಡುಗಿ. ಟಾರ್ ರಸ್ತೆ ಮೇಲೆ ದಿನಾ ಐದು ಕಿಲೋಮೀಟರ್ ಅಂದರೆ ಮೊಣಕಾಲಿನ ಕೆಳಗಿನ ಮೂಳೆ ನೋವು ಬರುವ ಸಾಧ್ಯತೆ ಜಾಸ್ತಿ. ವಾರಕ್ಕೆ ಮೂರು ದಿನ, ಮಣ್ಣಿನ ನೆಲದಲ್ಲಿ ಸಾಕು. 400 ಅಂತೂ ಈಗಲೇ ಬಿಡಿಸಬೇಡಿ. ಶೈನಿ 400ರಲ್ಲೂ ಏಷ್ಯಾ ಮಟ್ಟದ ಬೆಳ್ಳಿ ಗೆದ್ದವರು. ಬೀನಾಮೋಳ್ ಮೊದಲು 400 ಓಟಗಾರ್ತಿ ಅಂತಲೇ ಹೆಸರಾದವರು, ಆಮೇಲೆ 800 ಚಿನ್ನ ಗೆದ್ದರು. ವೇಗ ಚಿಕ್ಕಂದಿನಲ್ಲಿ ಬರಬೇಕು. ದಮ್ಮು ಆಮೇಲೂ ಬರುತ್ತದೆ.

ಲಾಲ್‌ಬಾಗ್_ಭಾನುವಾರ
ದಮ್ಮು ಆಮೇಲೆ ಬರುತ್ತದೆ ಅನ್ನುವುದು ನಮ್ಮ ಪಿ.ಟಿ. ಮೇಷ್ಟ್ರುಗಳ ಹಳೇ ಮಾತು ಗುರುಗಳೇ. ಕೀನ್ಯಾದ ಮಕ್ಕಳು ಶಾಲೆಗೇ ಓಡಿಕೊಂಡು ಹೋಗುತ್ತಾರೆ.

ಮೇಷ್ಟ್ರು_ಅರಸೀಕೆರೆ
ಮಣ್ಣಿನ ದಾರಿಯಲ್ಲಿ ಹೋಗುತ್ತಾರೆ ಸ್ವಾಮಿ, ತುಮಕೂರು ರಿಂಗ್ ರಸ್ತೆಯಲ್ಲಲ್ಲ. ಟಾರ್ ಮೇಲೆ ಬೇಡ ಅಂದೆ ಅಷ್ಟೇ.

ತುಮಕೂರಮ್ಮ
ಇಬ್ಬರೂ ಜಗಳ ಆಡಬೇಡಿ 🙂 ಮನೆ ಹತ್ತಿರ ಕಾಲೇಜು ಮೈದಾನ ಇದೆ, ಮಣ್ಣಿನದು. ವಾರಕ್ಕೆ ಮೂರು ದಿನ ಅಲ್ಲೇ ಓಡಿಸುತ್ತೇನೆ, 400ನ್ನೂ ಬಿಡಿಸಲ್ಲ. ಆ ಬ್ರೇಕ್ ಲೈನ್ ಅಭ್ಯಾಸ ಅಲ್ಲಿ ಮಾಡಿಸಲು ಆಗುತ್ತಾ? ಕೋನ್ ಎಲ್ಲ ನಮ್ಮ ಹತ್ತಿರ ಇಲ್ಲ.

ಮೇಷ್ಟ್ರು_ಅರಸೀಕೆರೆ
ಆಗುತ್ತೆ ಅಮ್ಮಾ. ಕೋನ್ ಬದಲು ಕಲ್ಲು, ಇಟ್ಟಿಗೆ ಇಡಬೇಡಿ, ಕಾಲು ಹೊರಳುತ್ತದೆ. ನೀರಿನ ಬಾಟಲಿಯನ್ನು ಅರ್ಧಕ್ಕೆ ಕತ್ತರಿಸಿ ಬೋರಲು ಹಾಕಿ. ಲೇನ್ ಅಗಲ 1.22 ಮೀಟರ್, ಟೇಪ್ ಹಿಡಿದು ನಾಲ್ಕು ಲೇನ್ ಗುರುತು ಮಾಡಿದರೆ ಸಾಕು. ಅವಳನ್ನು ಯಾವಾಗಲೂ ಒಂದೇ ಲೇನಿನಲ್ಲಿ ನಿಲ್ಲಿಸಬೇಡಿ, ಬದಲಾಯಿಸುತ್ತಾ ಇರಿ. ಜೊತೆಗೆ ಇನ್ನೂ ಇಬ್ಬರು ಮಕ್ಕಳನ್ನು ಓಡಿಸಿ. ಒಬ್ಬಳೇ ಓಡಿದರೆ ಲೇನ್ ಬಿಡುವ ಆಸೆಯೇ ಬರುವುದಿಲ್ಲ.